ನಿದ್ದೆಯೋ, ಮದ್ದಿನ ಮಂಪರೋ? ಉಸಿರು ಎಣಿಸಿ ನೋಡಿ

"ಸಿಸ್ಟರ್, ಮಾವ ಇವತ್ತು ಚೆನ್ನಾಗಿ ನಿದ್ದೆ ಮಾಡ್ತಿದ್ದಾರೆ. ಬೆಳಗ್ಗೆಯಿಂದ ಒಂದೇ ಸಮ ಗೊರಕೆ. ಎಬ್ಬಿಸೋದು ಬೇಡ ಅಂತ ಸುಮ್ನೆ ಬಿಟ್ಟಿದ್ದೀನಿ."

ಬೇಲೂರು ಕಡೆಯ ಒಂದು ಮನೆಯ ಬಾಗಿಲಲ್ಲಿ ಆ ಮನೆಯ ಸೊಸೆ ನನಗೆ ಹೇಳಿದ ಮಾತಿದು. ಡಿಸೆಂಬರ್ ತಿಂಗಳು. ಬಿಸಿಲು ಇನ್ನೂ ಸರಿಯಾಗಿ ಬಂದಿರಲಿಲ್ಲ. ಒಳಗೆ ಮಲಗಿದ್ದ ಅಜ್ಜನಿಗೆ ಪ್ರಾಸ್ಟೇಟ್ ಕ್ಯಾನ್ಸರ್, ಬೆನ್ನುಮೂಳೆಗೆ ಹರಡಿತ್ತು. ಮಾತ್ರೆ ನುಂಗಲು ಕಷ್ಟವಾಗುತ್ತಿದೆ ಅಂತ ಡಾಕ್ಟರು ಹಿಂದಿನ ವಾರವಷ್ಟೇ ನೋವಿಗೆ ಕೊಡುತ್ತಿದ್ದ ಮಾರ್ಫಿನ್ ಮಾತ್ರೆ ಬಿಡಿಸಿ ಫೆಂಟನಿಲ್ ಪ್ಯಾಚ್ ಬರೆದಿದ್ದರು. ಚರ್ಮಕ್ಕೆ ಅಂಟಿಸುವ ಚಿಕ್ಕ ಪಟ್ಟಿ ಅದು.

ಗೊರಕೆ ಅಂದ ಕೂಡಲೇ ನಾನು ನೇರ ಒಳಗೆ ಹೋದೆ. ಅಜ್ಜನ ಎದೆಯ ಮೇಲೆ ಅಂಗೈ ಇಟ್ಟು, ವಾಚು ನೋಡುತ್ತಾ ಎಣಿಸಿದೆ. ನಿಮಿಷಕ್ಕೆ ಆರು ಉಸಿರು. ರೆಪ್ಪೆ ಎತ್ತಿ ನೋಡಿದರೆ ಕಣ್ಣಿನ ನಡುವಿನ ಕಪ್ಪು ಚುಕ್ಕೆ ಸಾಸಿವೆ ಕಾಳಿಗಿಂತ ಚಿಕ್ಕದು. ತುಟಿ ಬೂದು ಬಣ್ಣಕ್ಕೆ ತಿರುಗಿತ್ತು. ಬೆನ್ನ ಕೆಳಗೆ ಕೈ ಹಾಕಿದೆ, ಬಿಸಿನೀರಿನ ಚೀಲ ಸಿಕ್ಕಿತು. ಅಂಗಿ ಸರಿಸಿದೆ, ಎಡ ಹೆಗಲಿನ ಹಿಂದೆ ಹೊಸ ಪ್ಯಾಚ್, ಬಲ ಹೆಗಲಿನ ಹಿಂದೆ ಹಳೆಯ ಪ್ಯಾಚ್. ಎರಡೂ ಇದ್ದವು.

ಆ ಸೊಸೆಯ ತಪ್ಪು ಇದರಲ್ಲಿ ಏನೇನೂ ಇಲ್ಲ. "ಮೂರು ದಿನಕ್ಕೊಂದು ಅಂಟಿಸಿ" ಅಂತ ಅವರಿಗೆ ಹೇಳಿದ್ದರು. ಹಳೆಯದನ್ನು ಕಿತ್ತು ಅಂಟಿಸಿ ಅಂತ ಯಾರೂ ಬಾಯಿಬಿಟ್ಟು ಹೇಳಿರಲಿಲ್ಲ. ಹಿಂದಿನ ವಾರ ಹೋದಾಗ ನಾನೂ ಹೇಳಿರಲಿಲ್ಲ. ಆ ನೋವು ನನಗೆ ಈಗಲೂ ಇದೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ. ಕ್ಯಾಜುವಾಲ್ಟಿಯಲ್ಲಿ ವರ್ಷಗಟ್ಟಲೆ ಕೆಲಸ ಮಾಡಿ, ಈಗ ಕ್ಯಾನ್ಸರ್ ರೋಗಿಗಳ ಮನೆಮನೆಗೆ ಹೋಗುವ ನರ್ಸ್ ನಾನು. ಈ ಮದ್ದುಗಳಿಂದ ಜನ ಬದುಕಿದ್ದನ್ನೂ ನೋಡಿದ್ದೇನೆ, ಹೋದದ್ದನ್ನೂ ನೋಡಿದ್ದೇನೆ.

ಇವು ಯಾವ ಮದ್ದುಗಳು?

ಗಸಗಸೆ ಪಾಯಸ ನಮಗೆಲ್ಲ ಗೊತ್ತು. ಆ ಗಸಗಸೆ ಬಿಡುವ ಗಿಡದ ಹಸಿ ಕಾಯಿಯನ್ನು ಗೀರಿದರೆ ಹಾಲು ಒಸರುತ್ತದೆ. ಆ ಹಾಲು ಒಣಗಿದರೆ ಅಫೀಮು. ಅಫೀಮಿನಿಂದ ತೆಗೆಯುವುದು ಮಾರ್ಫಿನ್ ಮತ್ತು ಕೊಡೀನ್. ನಮ್ಮ ದೇಶದಲ್ಲಿ ಮಧ್ಯಪ್ರದೇಶ, ರಾಜಸ್ಥಾನ, ಉತ್ತರಪ್ರದೇಶಗಳ ರೈತರು ಸರ್ಕಾರದ ಲೈಸೆನ್ಸ್ ಪಡೆದು ಈ ಬೆಳೆ ಬೆಳೆಯುತ್ತಾರೆ. ನೀಮಚ್ ಮತ್ತು ಗಾಜಿಪುರದಲ್ಲಿ ಸರ್ಕಾರದ್ದೇ ಕಾರ್ಖಾನೆಗಳಿವೆ. ಮಾರ್ಫಿನನ್ನು ಇನ್ನಷ್ಟು ಮಾರ್ಪಡಿಸಿದರೆ ಹೆರಾಯಿನ್. ಅದರ ಕಲಬೆರಕೆ ರೂಪವೇ ಬೀದಿಯಲ್ಲಿ ಸಿಗುವ ಬ್ರೌನ್ ಶುಗರ್. ಗಿಡದ ಗೊಡವೆಯೇ ಇಲ್ಲದೆ ಲ್ಯಾಬಿನಲ್ಲಿ ಮಾಡುವ ಮದ್ದುಗಳೂ ಇವೆ: ಫೆಂಟನಿಲ್, ಟ್ರಮಡಾಲ್, ಟಪೆಂಟಡಾಲ್, ಮೆಥಡೋನ್. ಇವೆಲ್ಲಕ್ಕೂ ಸೇರಿಸಿ ಒಪಿಯಾಯ್ಡ್ ಅನ್ನುತ್ತಾರೆ.

ನಮ್ಮ ಜನರ ಭಯ ಎಷ್ಟು ತಲೆಕೆಳಗಾಗಿದೆ ನೋಡಿ. ಮಾರ್ಫಿನ್ ಅಂದರೆ ಮನೆಯವರು ಬೆಚ್ಚಿಬೀಳುತ್ತಾರೆ. "ಅದು ಕೊನೆಗಾಲದ ಮದ್ದಲ್ವಾ ಸಿಸ್ಟರ್, ಅಷ್ಟೊಂದು ಆಗಿದೆಯಾ?" ಅಂತ ಕೇಳುತ್ತಾರೆ. ಮಾತ್ರೆಯನ್ನು ದಿಂಬಿನಡಿ ಬಚ್ಚಿಟ್ಟು ನರಳುವ ಅಜ್ಜಿಯರನ್ನು ಕಂಡಿದ್ದೇನೆ. ಅದೇ ಮನೆಯ ಮೊಮ್ಮಗ ಬೈಕಿನಿಂದ ಬಿದ್ದಾಗ ತಂದ ಟ್ರಮಡಾಲ್ ಸ್ಟ್ರಿಪ್ ಮಾತ್ರ ಟಿವಿ ಸ್ಟ್ಯಾಂಡಿನ ಮೇಲೆ ಬಿದ್ದಿರುತ್ತದೆ. ಯಾರಿಗೆ ಸೊಂಟ ನೋವು ಬಂದರೂ ಅದರಿಂದ ಒಂದು ಕಿತ್ತು ನುಂಗುತ್ತಾರೆ. 2018ರಿಂದ ಟ್ರಮಡಾಲ್ ಕೂಡ ಮಾದಕ ವಸ್ತುಗಳನ್ನು ಹತೋಟಿಯಲ್ಲಿಡುವ ಎನ್‌ಡಿಪಿಎಸ್ ಕಾಯ್ದೆಯ ಕೆಳಗೆ ಬಂದಿದೆ. ಸುಮ್ಮನೆ ತಂದಿಲ್ಲ. ಜಾಸ್ತಿಯಾದರೆ ಅದು ಉಸಿರಿಗೂ ಕೈ ಹಾಕುತ್ತದೆ, ಫಿಟ್ಸ್ ಕೂಡ ತರುತ್ತದೆ.

ಹಾಗಾಗಿ ಮೊದಲ ಕೆಲಸ ಇದು. ಮನೆಯ ಮದ್ದಿನ ಡಬ್ಬಿ ತೆಗೆಯಿರಿ. ಪ್ರತಿ ಸ್ಟ್ರಿಪ್ಪಿನ ಹಿಂದೆ ಚಿಕ್ಕ ಅಕ್ಷರದಲ್ಲಿ ಬರೆದಿರುವ ಮದ್ದಿನ ಹೆಸರು ಓದಿ. ಮುಂದೆ ದಪ್ಪಕ್ಕಿರುವುದು ಕಂಪನಿ ಇಟ್ಟ ಹೆಸರು, ಅದರಿಂದ ಏನೂ ತಿಳಿಯುವುದಿಲ್ಲ. ಟ್ರಮಡಾಲ್, ಟಪೆಂಟಡಾಲ್, ಕೊಡೀನ್, ಮಾರ್ಫಿನ್, ಫೆಂಟನಿಲ್, ಬುಪ್ರೆನಾರ್ಫಿನ್, ಪೆಂಟಜೋಸಿನ್ ಇವುಗಳಲ್ಲಿ ಯಾವುದಾದರೂ ಕಂಡರೆ ಬೇರೆ ತೆಗೆದಿಡಿ. ಟ್ರಮಡಾಲ್ ಜೊತೆ ಪ್ಯಾರಾಸಿಟಮಾಲ್ ಸೇರಿಸಿದ ಮಾತ್ರೆ ತುಂಬಾ ಚಾಲ್ತಿಯಲ್ಲಿದೆ. ಅದನ್ನು ಎರಡೆರಡು ನುಂಗಿ, ಮೇಲೆ ಜ್ವರಕ್ಕೆಂದು ಬೇರೆ ಪ್ಯಾರಾಸಿಟಮಾಲ್ ತಗೊಂಡರೆ ಲಿವರಿಗೂ ಪೆಟ್ಟು. ಕೆಮ್ಮಿನ ಸಿರಪ್ಪುಗಳನ್ನೂ ಓದಿ ನೋಡಿ. ಕೊಡೀನ್ ದೇಹದೊಳಗೆ ಮಾರ್ಫಿನ್ ಆಗಿ ಬದಲಾಗುತ್ತದೆ. ಕೆಲವರ ದೇಹ ಈ ಕೆಲಸವನ್ನು ತೀರಾ ವೇಗವಾಗಿ ಮಾಡುತ್ತದೆ. ಯಾರ ದೇಹ ಹಾಗೆ ಅನ್ನುವುದು ಮುಖ ನೋಡಿದರೆ ಗೊತ್ತಾಗುವುದಿಲ್ಲ. ಹಾಗಾಗಿ 12 ವರ್ಷದೊಳಗಿನ ಮಕ್ಕಳಿಗೆ ಕೊಡೀನ್, ಟ್ರಮಡಾಲ್ ಬೇಡವೇ ಬೇಡ. ಎದೆಹಾಲು ಕುಡಿಸುವ ತಾಯಂದಿರೂ ದೂರ ಇರಬೇಕು. ಹಾಲಿನ ಮೂಲಕ ಮಗುವಿಗೆ ಹೋಗುತ್ತದೆ.

ಉಸಿರು ಹೇಗೆ ನಿಲ್ಲುತ್ತದೆ

ಕೆರೆಯಲ್ಲಿ ಮುಳುಗು ಹಾಕಿ ಉಸಿರು ಕಟ್ಟಿದ್ದು ನೆನಪಿದೆಯಾ? ಸ್ವಲ್ಪ ಹೊತ್ತಿಗೆ ಎದೆ ಉರಿಯಲು ಶುರುವಾಗುತ್ತದೆ, ಮೇಲೆ ಬರಲೇಬೇಕು ಅನ್ನಿಸುತ್ತದೆ. ರಕ್ತದಲ್ಲಿ ಕಾರ್ಬನ್ ಡೈಆಕ್ಸೈಡ್ ಏರಿದ್ದನ್ನು ಮೆದುಳಿನ ಬುಡ ಗುರುತಿಸಿ "ಉಸಿರು ತಗೋ" ಅಂತ ತಳ್ಳುವ ತಳ್ಳಾಟ ಅದು. ನಾವು ಮಲಗಿದ್ದಾಗಲೂ ಅದು ನಡೆಯುತ್ತಿರುತ್ತದೆ. ಒಪಿಯಾಯ್ಡ್ ಜಾಸ್ತಿಯಾದರೆ ನೋವಿನ ಜೊತೆ ಈ ತಳ್ಳಾಟವನ್ನೂ ಮಂಕು ಮಾಡುತ್ತದೆ. ಉಸಿರು ಕಡಿಮೆಯಾಗುತ್ತಿದ್ದರೂ ಆ ಮನುಷ್ಯನಿಗೆ ಕಷ್ಟ ಅನ್ನಿಸುವುದಿಲ್ಲ. ಒದ್ದಾಡುವುದಿಲ್ಲ, ಕೂಗುವುದಿಲ್ಲ. ನಿದ್ದೆಯ ಹಾಗೆ ಕಾಣುತ್ತದೆ. ಇದರಲ್ಲಿ ನನಗೆ ತೀರಾ ಭಯ ಹುಟ್ಟಿಸುವುದೇ ಈ ಸದ್ದಿಲ್ಲದ ಜಾರುವಿಕೆ.

ಸರಿಯಾದ ಪ್ರಮಾಣದಲ್ಲಿ ಶುರುಮಾಡಿ, ನೋವಿಗೆ ತಕ್ಕಂತೆ ಮೆಲ್ಲಗೆ ಏರಿಸಿದ ಮಾರ್ಫಿನ್ ಹೀಗೆ ಮಾಡುವುದಿಲ್ಲ. ದಿನಕ್ಕೆ ನೂರಾರು ಮಿಲಿಗ್ರಾಂ ತಗೊಂಡು ಅಂಗಳದಲ್ಲಿ ಕೂತು ಮೆಣಸು ಬಿಡಿಸುತ್ತಿದ್ದವರನ್ನು ನೋಡಿದ್ದೇನೆ. ದೇಹ ಅದಕ್ಕೆ ಹೊಂದಿಕೊಂಡಿರುತ್ತದೆ. ತೊಂದರೆ ಬರುವುದು ಲೆಕ್ಕ ತಪ್ಪಿದಾಗ. ಯಾವಾಗ ತಪ್ಪುತ್ತದೆ ಅಂತ ಹೇಳುತ್ತೇನೆ, ಗಮನವಿಟ್ಟು ಓದಿ.

ಹೆಂಡ, ನಿದ್ದೆ ಮಾತ್ರೆ, ಆತಂಕಕ್ಕೆ ಕೊಡುವ ಆಲ್ಪ್ರಜೋಲಾಂ ಅಥವಾ ಡಯಾಜೆಪಾಂ, ನರದ ನೋವಿಗೆ ಕೊಡುವ ಪ್ರಿಗಾಬಲಿನ್, ಇವು ಒಪಿಯಾಯ್ಡ್ ಜೊತೆ ಸೇರಿದಾಗ. ಇದು ಎಲ್ಲಕ್ಕಿಂತ ದೊಡ್ಡದು. ಡಾಕ್ಟರ್ ಎರಡನ್ನೂ ಯೋಚಿಸಿ ಬರೆದಿರಬಹುದು, ಆದರೆ ಎರಡು ಬೇರೆ ಬೇರೆ ಡಾಕ್ಟರುಗಳು ಒಬ್ಬರಿಗೊಬ್ಬರು ತಿಳಿಯದೆ ಬರೆದಿರುವುದೇ ಜಾಸ್ತಿ. ಎಲ್ಲ ಚೀಟಿಗಳನ್ನೂ ಒಂದೇ ಕವರಿನಲ್ಲಿಟ್ಟು ಪ್ರತಿ ಸಲ ತೋರಿಸಿ. ಕಿಡ್ನಿ ಕೆಟ್ಟಾಗ ಮಾರ್ಫಿನ್ ಹೊರಗೆ ಹೋಗದೆ ಒಳಗೇ ಕೂಡುತ್ತದೆ. ಮೊನ್ನೆಯವರೆಗೆ ಸರಿಹೋಗಿದ್ದ ಡೋಸ್ ಇವತ್ತು ಜಾಸ್ತಿಯಾಗುತ್ತದೆ. ಮೂತ್ರ ಕಡಿಮೆಯಾಗಿದ್ದರೆ, ವಾಂತಿಭೇದಿಯಾಗಿ ನೀರು ಹೋಗಿದ್ದರೆ ಫೋನ್ ಮಾಡಿ ಹೇಳಿ. ನೋವು ಇದ್ದಕ್ಕಿದ್ದಂತೆ ಇಳಿದರೂ ಹೇಳಬೇಕು. ರೇಡಿಯೇಷನ್ ಕೊಟ್ಟು ಮೂಳೆ ನೋವು ಹೋಯಿತು ಅಂದುಕೊಳ್ಳಿ, ನೋವಿಗೆಂದು ಏರಿಸಿದ ಡೋಸ್ ಹಾಗೇ ಉಳಿದರೆ ಮಂಪರು ಹತ್ತುತ್ತದೆ. ನಿದ್ದೆಯಲ್ಲಿ ಉಸಿರು ಕಟ್ಟುವ ಕಾಯಿಲೆ, ಹಳೇ ಉಬ್ಬಸ, ಬೀಡಿ ಸೇದಿ ಹಾಳಾದ ಶ್ವಾಸಕೋಶ ಇದ್ದವರಿಗೂ ಜಾಸ್ತಿ ಎಚ್ಚರ ಬೇಕು.

ಇನ್ನೊಂದು, 12 ಗಂಟೆ ಕೆಲಸ ಮಾಡುವ ಮಾತ್ರೆಗಳು. ಸ್ಟ್ರಿಪ್ಪಿನ ಮೇಲೆ ಎಸ್‌ಆರ್ ಅಂತ ಇರುತ್ತದೆ. ಮೂಗಿನ ನಳಿಕೆಯಲ್ಲಿ ಊಟ ಕೊಡುವವರು ಅದನ್ನು ಕುಟ್ಟಿ ನೀರಲ್ಲಿ ಕದಡಿ ಬಿಡುತ್ತಾರೆ. 12 ಗಂಟೆಯ ಮದ್ದು ಒಂದೇ ಏಟಿಗೆ ಇಳಿಯುತ್ತದೆ. ಎಸ್‌ಆರ್ ಮಾತ್ರೆ ಮುರಿಯಬೇಡಿ, ಕುಟ್ಟಬೇಡಿ, ಅಗಿಯಲು ಹೇಳಬೇಡಿ.

ಎಣಿಸುವುದು ಹೇಗೆ

ದೊಡ್ಡವರು ಸುಮ್ಮನೆ ಕೂತಿದ್ದಾಗ ನಿಮಿಷಕ್ಕೆ 12ರಿಂದ 20 ಸಲ ಉಸಿರಾಡುತ್ತಾರೆ. ರೋಗಿ ಚೆನ್ನಾಗಿರುವ ದಿನವೇ ಒಮ್ಮೆ ಎಣಿಸಿ ಬರೆದಿಡಿ. ಅವರ ಮಾಮೂಲು ಎಷ್ಟು ಅಂತ ಗೊತ್ತಿದ್ದರೆ ಮುಂದೆ ಹೋಲಿಸಬಹುದು. ಎದೆ ಮತ್ತು ಹೊಟ್ಟೆ ಸೇರುವ ಜಾಗದಲ್ಲಿ ಅಂಗೈ ಇಡಿ. ಕೈ ಮೇಲೆದ್ದು ಇಳಿದರೆ ಒಂದು. ಪೂರ್ತಿ ಒಂದು ನಿಮಿಷ ಎಣಿಸಿ. 15 ಸೆಕೆಂಡ್ ಎಣಿಸಿ ನಾಲ್ಕರಿಂದ ಗುಣಿಸುವ ಅಭ್ಯಾಸ ನಮ್ಮಲ್ಲಿ ಕೆಲವರಿಗಿದೆ. ಮಂಪರಿನಲ್ಲಿ ಉಸಿರು ಬಿಟ್ಟುಬಿಟ್ಟು ಬರುತ್ತದೆ, ಆಗ ಆ ಲೆಕ್ಕ ಮೋಸ ಮಾಡುತ್ತದೆ.

10ಕ್ಕಿಂತ ಕಡಿಮೆಯಾದರೆ ಮುಂದಿನ ಡೋಸ್ ಕೊಡದೆ ಡಾಕ್ಟರಿಗೆ ಫೋನ್ ಮಾಡಿ. 8 ಅಥವಾ ಅದಕ್ಕಿಂತ ಕಡಿಮೆ, ಜೊತೆಗೆ ಎಬ್ಬಿಸಿದರೆ ಏಳುತ್ತಿಲ್ಲ ಅಂದರೆ ಓವರ್‌ಡೋಸ್ ಅಂತಲೇ ತಿಳಿದು ಕೆಲಸಕ್ಕೆ ಇಳಿಯಿರಿ. ಕಣ್ಣಿನ ಕಪ್ಪು ಚುಕ್ಕೆ ಸೂಜಿಮೊನೆಯಷ್ಟಾಗಿರುತ್ತದೆ. ಆದರೆ ಚುಕ್ಕೆ ಒಂದನ್ನೇ ನಂಬಬೇಡಿ. ಮಾಮೂಲು ಡೋಸಿನಲ್ಲೂ ಅದು ಚಿಕ್ಕದಾಗುತ್ತದೆ. ನಮ್ಮ ಮೈಬಣ್ಣದಲ್ಲಿ ತುಟಿ ನೀಲಿಯಾಗಿದ್ದು ಬೇಗ ಕಾಣುವುದಿಲ್ಲ. ಕೆಳತುಟಿ ಮಡಚಿ ಒಳಭಾಗ ನೋಡಿ, ಉಗುರಿನ ಬುಡ ನೋಡಿ. ಬೂದಿ ಬಣ್ಣ ಇದ್ದರೆ ಆಕ್ಸಿಜನ್ ಸಾಲುತ್ತಿಲ್ಲ.

ಇನ್ನು ಗೊರಕೆ. ಎಂದೂ ಗೊರಕೆ ಹೊಡೆಯದವರು ಈ ಮದ್ದು ತಗೊಂಡ ಮೇಲೆ ಗೊರಗೊರ ಅಂತ, ಗಂಟಲಲ್ಲಿ ನೀರು ಕುದಿಯುವ ಹಾಗೆ ಸದ್ದು ಮಾಡುತ್ತಿದ್ದರೆ ನಾಲಿಗೆ ಹಿಂದಕ್ಕೆ ಬಿದ್ದು ದಾರಿ ಮುಚ್ಚುತ್ತಿದೆ ಅಂತ ಅರ್ಥ. "ಚೆನ್ನಾಗಿ ಮಲಗಿದ್ದಾರೆ" ಅಂತ ಬಾಗಿಲು ಹಾಕಿಕೊಂಡು ಬರಬೇಡಿ. ಎಬ್ಬಿಸಿ ನೋಡಿ. ನಿದ್ದೆಯಾಗಿದ್ದರೆ ಎದ್ದು ಬೈಯುತ್ತಾರೆ, ಬೈಯಲಿ.

ಒಂದು ಮಾತು ಇಲ್ಲೇ ಹೇಳಿಬಿಡಬೇಕು. ಕೊನೆಯ ದಿನಗಳಲ್ಲಿರುವ ರೋಗಿಯ ಉಸಿರು ತಾನಾಗಿಯೇ ಏರುಪೇರಾಗುತ್ತದೆ. ಎಳೆದು ಎಳೆದು ಬಂದು, ನಿಂತು, ಮತ್ತೆ ಬರುತ್ತದೆ. ಅದು ಮದ್ದಿನಿಂದ ಆದದ್ದಲ್ಲ. ಆ ಹಂತ ಬಂದಿದೆಯಾ, ಬಂದಾಗ ಏನು ಮಾಡಬೇಕು, ಆಸ್ಪತ್ರೆಗೆ ಒಯ್ಯಬೇಕಾ ಬೇಡವಾ ಅಂತ ಡಾಕ್ಟರ ಜೊತೆ ಮುಂಚೆಯೇ ಕೂತು ಮಾತಾಡಿಕೊಳ್ಳಿ. ಆ ರಾತ್ರಿ ಬಂದಾಗ ಯೋಚಿಸಲು ಹೊತ್ತಿರುವುದಿಲ್ಲ.

ಆ ಹೊತ್ತಿನಲ್ಲಿ ಮಾಡಬೇಕಾದ್ದು

ಹೆಸರು ಹಿಡಿದು ಜೋರಾಗಿ ಕೂಗಿ. ಎದೆಯ ನಡುಮೂಳೆಯನ್ನು ಬೆರಳ ಗೆಣ್ಣಿನಿಂದ ಗಟ್ಟಿಯಾಗಿ ಉಜ್ಜಿ. ಕಣ್ಣು ಬಿಡಲಿಲ್ಲ ಅಂದರೆ ಒಬ್ಬರು 108ಕ್ಕೆ ಫೋನ್ ಮಾಡಲಿ. "ಉಸಿರು ನಿಲ್ಲುತ್ತಿದೆ, ನೋವಿನ ಮದ್ದು ಜಾಸ್ತಿಯಾಗಿದೆ" ಅಂತ ಮೊದಲ ವಾಕ್ಯದಲ್ಲೇ ಹೇಳಬೇಕು. ಫೋನ್ ಸ್ಪೀಕರಿಗೆ ಹಾಕಿ ಪಕ್ಕದಲ್ಲಿಡಿ. ಮನೆ ತೋಟದೊಳಗಿದ್ದರೆ ಒಬ್ಬರನ್ನು ರಸ್ತೆಗೆ ಓಡಿಸಿ. ಆಂಬುಲೆನ್ಸ್ ದಾರಿ ತಪ್ಪಿ ಸುತ್ತುವುದರಲ್ಲೇ ಎಷ್ಟೋ ನಿಮಿಷ ಹೋಗುತ್ತದೆ.

ಪ್ಯಾಚ್ ಇದ್ದರೆ ಕಿತ್ತುಹಾಕಿ, ಆ ಜಾಗವನ್ನು ಬರೀ ನೀರಿನಿಂದ ಒರೆಸಿ. ಬಾಯಲ್ಲಿ ಮಾತ್ರೆ, ಎಲೆಅಡಿಕೆ, ಕಟ್ಟಿದ ಹಲ್ಲು ಇದ್ದರೆ ತೆಗೆಯಿರಿ.

ಅಂಗಾತ ಮಲಗಿಸಿ. ಒಂದು ಕೈ ಹಣೆಯ ಮೇಲೆ, ಇನ್ನೊಂದು ಕೈಯ ಎರಡು ಬೆರಳು ಗದ್ದದ ಮೂಳೆಯ ಕೆಳಗೆ. ತಲೆ ಹಿಂದಕ್ಕೆ ಬಾಗಿಸಿ ಗದ್ದ ಮೇಲೆತ್ತಿ. ಎಷ್ಟೋ ಸಲ ಇಷ್ಟಕ್ಕೇ ಗೊರಗೊರ ನಿಂತು ಗಾಳಿ ಆಡಲು ಶುರುವಾಗುತ್ತದೆ. ಉಸಿರು ಇದ್ದರೂ ತೀರಾ ನಿಧಾನವಾಗಿದ್ದರೆ ಮೂಗು ಮುಚ್ಚಿ, ಬಾಯಿಗೆ ಬಾಯಿಟ್ಟು ಐದಾರು ಸೆಕೆಂಡಿಗೊಂದರಂತೆ ಊದಿ. ಎದೆ ಮೇಲೇಳುವುದು ಕಾಣಬೇಕು, ಅಷ್ಟು ಸಾಕು. ಓವರ್‌ಡೋಸ್ ಆದವರನ್ನು ಕೊಲ್ಲುವುದು ಗಾಳಿಯ ಕೊರತೆ. ಅಮಲು ಇಳಿಸುವ ಮದ್ದು ಬರುವವರೆಗೆ ನೀವು ಅವರ ಪಾಲಿನ ಉಸಿರಾಡಿದರೆ ಅವರು ಉಳಿಯುತ್ತಾರೆ. ಉಸಿರೇ ಇಲ್ಲ, ಅಥವಾ ಮೀನಿನಂತೆ ಎಲ್ಲೋ ಒಮ್ಮೆ ಬಾಯಿ ತೆರೆದು ಏದುತ್ತಿದ್ದಾರೆ ಅಂದರೆ ನಾಡಿ ಹುಡುಕುತ್ತಾ ಕೂರಬೇಡಿ. ಎದೆಯ ನಡುವೆ ಎರಡೂ ಕೈಯಿಟ್ಟು 30 ಸಲ ಒತ್ತಿ, ಎರಡು ಸಲ ಊದಿ, ಮತ್ತೆ ಒತ್ತಿ. ಎದೆ ಎರಡು ಇಂಚು ತಗ್ಗಬೇಕು. ನಿಮಿಷಕ್ಕೆ 100ರಿಂದ 120ರ ವೇಗ.

ಉಸಿರು ತಾನಾಗಿ ಸರಿಯಾಗಿ ಬರತೊಡಗಿದರೆ ಮಗ್ಗುಲಿಗೆ ಹೊರಳಿಸಿ, ಮೇಲಿನ ಮೊಣಕಾಲು ಮುಂದಕ್ಕೆ ಮಡಚಿ ಆಸರೆ ಕೊಡಿ. ವಾಂತಿಯಾದರೆ ಹೊರಗೆ ಹೋಗಲಿ. ಬಿಟ್ಟು ಎದ್ದು ಹೋಗಬೇಡಿ.

ಅಜ್ಜ ಪೂರ್ತಿ ಪ್ರಜ್ಞೆ ತಪ್ಪಿರಲಿಲ್ಲ. ಅಂಥವರಿಗೆ ಒಂದು ಉಪಾಯ ಇದೆ. ಗಟ್ಟಿಯಾಗಿ ಹೇಳಿದರೆ ಉಸಿರು ತಗೊಳ್ಳುತ್ತಾರೆ, ಸುಮ್ಮನಿದ್ದರೆ ಮರೆಯುತ್ತಾರೆ. ನಾನು ಗದ್ದ ಎತ್ತಿ ಹಿಡಿದು ಕೂತೆ. ಸೊಸೆ ಅವರ ಕಿವಿಯ ಹತ್ತಿರ ಬಾಗಿ "ಮಾವ, ಉಸಿರು ತಗೊಳ್ಳಿ... ಬಿಡಿ... ಇನ್ನೊಂದು ತಗೊಳ್ಳಿ" ಅನ್ನುತ್ತಾ ಹೋದರು. ನಡುಗುವ ದನಿಯಲ್ಲಿ, ಆಂಬುಲೆನ್ಸ್ ಬರುವವರೆಗೂ ನಿಲ್ಲಿಸದೆ. ಅವರು ಹೇಳಿದಾಗಲೆಲ್ಲ ಅಜ್ಜ ತಗೊಂಡರು. ನಿಮಿಷಕ್ಕೆ ಆರಿದ್ದದ್ದು ಹತ್ತಕ್ಕೆ ಬಂತು. ಆ ಮುಕ್ಕಾಲು ಗಂಟೆಯ ಉಸಿರು ಆ ಹೆಣ್ಣುಮಗಳು ಕೊಟ್ಟದ್ದು.

ಮಾಡಬಾರದ ಕೆಲಸಗಳೂ ಇವೆ. ಅರೆಪ್ರಜ್ಞೆಯಲ್ಲಿರುವವರಿಗೆ ಮಜ್ಜಿಗೆ, ನಿಂಬೆಹುಳಿ, ಉಪ್ಪುನೀರು ಹುಯ್ಯುವುದು ನಮ್ಮ ಕಡೆ ಇದ್ದೇ ಇದೆ. ಅದು ಶ್ವಾಸಕೋಶಕ್ಕೆ ಇಳಿಯುತ್ತದೆ. ಗಂಟಲಿಗೆ ಬೆರಳು ಹಾಕಿ ವಾಂತಿ ಮಾಡಿಸಬೇಡಿ. ತಣ್ಣೀರಿನಲ್ಲಿ ಮುಳುಗಿಸಬೇಡಿ. ಹೆಗಲ ಮೇಲೆ ಕೈ ಹಾಕಿಸಿ ನಡೆದಾಡಿಸಬೇಡಿ.

ನಲಾಕ್ಸೋನ್

ಒಪಿಯಾಯ್ಡ್ ಮೆದುಳಿನಲ್ಲಿ ಕೂರುವ ಜಾಗದಿಂದ ಅದನ್ನು ಎಬ್ಬಿಸಿ ತಾನು ಕೂರುವ ಮದ್ದು ನಲಾಕ್ಸೋನ್. ನಮ್ಮ ಆಸ್ಪತ್ರೆಗಳಲ್ಲಿ 0.4 ಮಿಲಿಗ್ರಾಂ ಇರುವ ಚಿಕ್ಕ ಇಂಜೆಕ್ಷನ್ ಆಗಿ ಸಿಗುತ್ತದೆ. ರಕ್ತನಾಳಕ್ಕೆ ಕೊಟ್ಟರೆ ಎರಡು ಮೂರು ನಿಮಿಷದಲ್ಲಿ ಕೆಲಸ ಶುರು. ಕಾರಣ ಒಪಿಯಾಯ್ಡ್ ಅಲ್ಲದೇ ಹೋದರೂ ಇದರಿಂದ ಹಾನಿಯಿಲ್ಲ. ಅದಕ್ಕೇ ಅನುಮಾನ ಬಂದರೆ ಕೊಡುತ್ತಾರೆ. ಆದರೆ ನಿದ್ದೆಮಾತ್ರೆ, ಹೆಂಡದ ಅಮಲನ್ನು ಇದು ಇಳಿಸುವುದಿಲ್ಲ. ಟ್ರಮಡಾಲಿನ ಮೇಲೂ ಅರ್ಧಂಬರ್ಧ.

ಇದರ ಬಗ್ಗೆ ಮನೆಯವರಿಗೆ ಗೊತ್ತಿರಲೇಬೇಕಾದ ಸಂಗತಿ ಒಂದಿದೆ. ನಲಾಕ್ಸೋನ್ ಬಾಳಿಕೆ ಅರ್ಧ ಗಂಟೆಯಿಂದ ಒಂದೂವರೆ ಗಂಟೆ. ಒಳಗಿರುವ ಒಪಿಯಾಯ್ಡ್ ಅದಕ್ಕಿಂತ ಹೆಚ್ಚು ಹೊತ್ತು ಇರುತ್ತದೆ.

ಕ್ಯಾಜುವಾಲ್ಟಿಯಲ್ಲಿದ್ದ ಕಾಲದಲ್ಲಿ ಒಂದು ರಾತ್ರಿ ಆಟೋದಲ್ಲಿ ಒಬ್ಬ ಹುಡುಗನನ್ನು ತಂದು ಗೇಟಿನ ಹತ್ತಿರ ಮಲಗಿಸಿ ಜೊತೆಯವರು ಓಡಿಹೋದರು. ಪೊಲೀಸರ ಭಯ. ಇಪ್ಪತ್ತು ವರ್ಷ ಇರಬಹುದು. ತೋಳಿನ ನರದ ಉದ್ದಕ್ಕೂ ಚುಚ್ಚಿದ ಗುರುತು, ನರ ಹಗ್ಗದಂತೆ ಗಟ್ಟಿಯಾಗಿತ್ತು. ನೋವಿನ ಮಾತ್ರೆ ಕರಗಿಸಿ ಚುಚ್ಚಿಕೊಳ್ಳುವವರ ಕೈ ಹಾಗಾಗುತ್ತದೆ. ಮಾತ್ರೆಯಲ್ಲಿರುವ ಸುಣ್ಣದಂಥ ಪುಡಿ ಕರಗುವುದಿಲ್ಲ, ನರದಲ್ಲಿ ಕೂರುತ್ತದೆ, ಶ್ವಾಸಕೋಶಕ್ಕೂ ಹೋಗುತ್ತದೆ. ಅಂಬು ಬ್ಯಾಗಿನಲ್ಲಿ ಗಾಳಿ ಕೊಟ್ಟು ನಲಾಕ್ಸೋನ್ ಹಾಕಿದೆವು. ಎರಡನೇ ಡೋಸಿಗೆ ಎದ್ದು ಕೂತ. ಮೈಯೆಲ್ಲ ಬೆವರು, ಆಕಳಿಕೆ, ಮೂಗು ಸೋರುತ್ತಿತ್ತು. ಸಿಟ್ಟು ಬೇರೆ. ಡ್ರಿಪ್ ಕಿತ್ತುಕೊಂಡು ಮನೆಗೆ ಹೋಗುತ್ತೇನೆ ಅಂದ. ನಾನು ಪಕ್ಕದಲ್ಲಿ ಸ್ಟೂಲ್ ಹಾಕಿಕೊಂಡು ಕೂತೆ. "ತಮ್ಮಾ, ಈಗ ಎಚ್ಚರ ಇರೋದು ಇಂಜೆಕ್ಷನ್ನಿಂದ. ಅದು ಇಳಿದ ಮೇಲೆ ಮತ್ತೆ ಮಲಗಿಬಿಡ್ತೀಯ. ಬೆಳಗ್ಗೆವರೆಗೆ ಇರು, ಆಮೇಲೆ ನಿನ್ನಿಷ್ಟ" ಅಂದೆ. ಅಮ್ಮನಿಗೆ ಫೋನ್ ಮಾಡ್ತೀರಾ ಅಂತ ಕೇಳಿದ. ಮಾಡಿದೆ. ಒಂದು ಗಂಟೆ ಕಳೆಯುವಷ್ಟರಲ್ಲಿ ಮಾತಾಡುತ್ತಲೇ ಕಣ್ಣು ಮುಚ್ಚಿದ, ಉಸಿರು ಮತ್ತೆ ಏಳಕ್ಕೆ ಇಳಿಯಿತು. ದಾರಿಯಲ್ಲೋ ಬಸ್‌ಸ್ಟ್ಯಾಂಡಿನಲ್ಲೋ ಇದ್ದಿದ್ದರೆ ಏನಾಗುತ್ತಿತ್ತು ಅಂತ ಯೋಚಿಸಿ. ಅವನ ತಾಯಿ ಬಂದಾಗ ಮೂರನೇ ಡೋಸ್ ಹೋಗುತ್ತಿತ್ತು.

ಕ್ಯಾನ್ಸರ್ ರೋಗಿಗಳಿಗೆ ಇದೇ ಮದ್ದನ್ನು ಬೇರೆ ಥರ ಕೊಡುತ್ತಾರೆ. ಪೂರ್ತಿ ಡೋಸ್ ಒಟ್ಟಿಗೆ ಹಾಕಿದರೆ ಉಸಿರಿನ ಜೊತೆ ಅಷ್ಟೂ ನೋವು ಒಮ್ಮೆಲೇ ಮರಳಿ ಬರುತ್ತದೆ. ಅಜ್ಜನಿಗೆ ಸಲೈನಿನಲ್ಲಿ ಬೆರೆಸಿ ಚೂರುಚೂರಾಗಿ ಕೊಟ್ಟರು. ಉಸಿರು 12 ದಾಟಿದ ಕೂಡಲೇ ನಿಲ್ಲಿಸಿದರು. ಪ್ಯಾಚ್ ಕಿತ್ತ ಮೇಲೂ ಚರ್ಮದ ಕೆಳಗೆ ಮದ್ದು ಉಳಿದಿರುತ್ತದೆ, ಅರ್ಧ ಇಳಿಯಲು ಸುಮಾರು 17 ಗಂಟೆ ಬೇಕು. ಹಾಗಾಗಿ ಒಂದು ಹಗಲು, ಒಂದು ರಾತ್ರಿ ಅಲ್ಲೇ ಇಟ್ಟುಕೊಂಡರು.

ಅಮೆರಿಕದಲ್ಲಿರುವ ನಮ್ಮವರಿಗೆ ಬೇರೆ ಮಾತು ಹೇಳಬೇಕು. ಅಲ್ಲಿ 2022ರಲ್ಲಿ 80 ಸಾವಿರಕ್ಕೂ ಹೆಚ್ಚು ಜನ ಒಪಿಯಾಯ್ಡ್ ಓವರ್‌ಡೋಸಿನಿಂದ ತೀರಿಕೊಂಡರು. ಬಹುಪಾಲು ಕಳ್ಳಮಾರ್ಗದ ಫೆಂಟನಿಲ್. ಓದಲು ಎಚ್ಚರವಿರಲು ಅಂತ ಸ್ನೇಹಿತರಿಂದ ಕೊಂಡ ಒಂದು ನಕಲಿ ಮಾತ್ರೆಯಲ್ಲೂ ಅದು ಇರಬಹುದು. ಅಲ್ಲಿ 2023ರಿಂದ 4 ಮಿಲಿಗ್ರಾಂ ನಲಾಕ್ಸೋನ್ ಮೂಗಿನ ಸ್ಪ್ರೇ ಚೀಟಿಯಿಲ್ಲದೆ ಅಂಗಡಿಯಲ್ಲಿ ಸಿಗುತ್ತದೆ. ಕಾಲೇಜಿಗೆ ಹೋಗುವ ಮಕ್ಕಳಿರುವ ಮನೆಯಲ್ಲಿ ಒಂದು ಪೆಟ್ಟಿಗೆ ಇಟ್ಟುಕೊಳ್ಳಿ. ತಲೆ ಹಿಂದಕ್ಕೆ ಬಾಗಿಸಿ, ತುದಿಯನ್ನು ಒಂದು ಹೊಳ್ಳೆಯೊಳಗೆ ಪೂರ್ತಿ ಇಟ್ಟು ಒತ್ತಬೇಕು. ಪರೀಕ್ಷೆ ಮಾಡಲು ಗಾಳಿಯಲ್ಲಿ ಒತ್ತಬೇಡಿ, ಒಂದರಲ್ಲಿ ಇರುವುದು ಒಂದೇ ಡೋಸ್. ಎರಡು ಮೂರು ನಿಮಿಷ ಉಸಿರು ಕೊಡುತ್ತಾ ಕಾಯಿರಿ. ಏಳದಿದ್ದರೆ ಇನ್ನೊಂದು ಹೊಳ್ಳೆಗೆ ಎರಡನೆಯದು. ಅಲ್ಲಿ ಫೋನ್ 911ಕ್ಕೆ.

ಚಟಕ್ಕೆ ಬಿದ್ದವರಿಗೆ

ಆ ಹುಡುಗನ ತಾಯಿ ನನ್ನನ್ನು ಕೇಳಿದ್ದು ಒಂದೇ ಪ್ರಶ್ನೆ: "ಎಲ್ಲಿಗೆ ಕರ್ಕೊಂಡು ಹೋಗ್ಲಿ ಸಿಸ್ಟರ್?" ನಮ್ಮ ದೇಶದಲ್ಲಿ ಸುಮಾರು 2.26 ಕೋಟಿ ಜನ ಒಪಿಯಾಯ್ಡ್ ಬಳಸುತ್ತಾರೆ ಅಂತ 2019ರಲ್ಲಿ ಬಂದ ರಾಷ್ಟ್ರೀಯ ಸಮೀಕ್ಷೆ ಹೇಳಿತು. ಆ ತಾಯಿಯಂಥವರು ಎಷ್ಟು ಮನೆಯಲ್ಲಿದ್ದಾರೋ.

ಇದಕ್ಕೆ ಮದ್ದಿದೆ. ಬುಪ್ರೆನಾರ್ಫಿನ್ ಅಂತ, ನಾಲಿಗೆಯಡಿ ಇಡುವ ಮಾತ್ರೆ. ಅದೂ ಒಪಿಯಾಯ್ಡೇ, ಆದರೆ ಒಂದು ಮಿತಿ ದಾಟಿ ಉಸಿರನ್ನು ಅಷ್ಟಾಗಿ ತಗ್ಗಿಸುವುದಿಲ್ಲ. ಹಪಹಪಿ ಇಳಿಯುತ್ತದೆ, ಹುಡುಗ ಕೆಲಸಕ್ಕೆ ಹೋಗಬಲ್ಲ. "ಒಂದು ಚಟ ಬಿಡಿಸಿ ಇನ್ನೊಂದು ಹತ್ತಿಸೋದಲ್ವಾ?" ಅಂತ ಕೇಳುತ್ತಾರೆ. ಶುಗರ್ ಇರುವವರು ಇನ್ಸುಲಿನ್ ತಗೊಳ್ಳುವುದನ್ನು ನಾವು ಚಟ ಅನ್ನುವುದಿಲ್ಲ. ಮೆಥಡೋನ್ ಇನ್ನೊಂದು ದಾರಿ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ವ್ಯಸನ ಚಿಕಿತ್ಸೆಗೆಂದೇ ವಿಭಾಗವಿದೆ. ಧಾರವಾಡದಲ್ಲಿ ಮಾನಸಿಕ ಆರೋಗ್ಯ ಸಂಸ್ಥೆ ಡಿಮ್ಹಾನ್ಸ್ ಇದೆ. 14446 ವ್ಯಸನಮುಕ್ತಿ ಸಹಾಯವಾಣಿ. ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಮಾಡಿದರೆ ಕನ್ನಡದಲ್ಲೇ ಮಾತಾಡುತ್ತಾರೆ. ಚಿಕಿತ್ಸೆಗೆ ಹೋದರೆ ಕೇಸ್ ಹಾಕುತ್ತಾರೆ ಅಂತ ಹೆದರಬೇಡಿ. ಚಟಕ್ಕೆ ಬಿದ್ದವನು ಸ್ವಲ್ಪ ಪ್ರಮಾಣದ್ದರಲ್ಲಿ ಸಿಕ್ಕಿಬಿದ್ದರೂ ತಾನಾಗಿ ಚಿಕಿತ್ಸೆಗೆ ಬಂದರೆ ಎನ್‌ಡಿಪಿಎಸ್ ಕಾಯ್ದೆಯ 64ಎ ಕಲಂ ರಕ್ಷಣೆ ಕೊಡುತ್ತದೆ.

ಹತ್ತು ದಿನ ಕೋಣೆಯಲ್ಲಿ ಕೂಡಿಹಾಕಿ ಬಿಡಿಸಿ ಮನೆಗೆ ಕಳಿಸುವುದು ಮಾತ್ರ ಬೇಡ. ಆ ಹತ್ತು ದಿನದಲ್ಲಿ ದೇಹದ ತಾಳಿಕೆ ಇಳಿದಿರುತ್ತದೆ. ಮತ್ತೆ ಕೈ ಹಾಕಿದಾಗ ಹಳೇ ಅಳತೆಯಲ್ಲೇ ತಗೊಳ್ಳುತ್ತಾನೆ, ಅದೇ ಕೊನೆಯಾಗುತ್ತದೆ. ಡಿ-ಅಡಿಕ್ಷನ್ ಸೆಂಟರಿನಿಂದ, ಜೈಲಿನಿಂದ ಬಂದ ಮೊದಲ ವಾರಗಳಲ್ಲಿ ಒಬ್ಬನೇ ಬಾಗಿಲು ಹಾಕಿಕೊಳ್ಳಲು ಬಿಡಬೇಡಿ.

ನೋವಿಗೆಂದು ಮಾರ್ಫಿನ್ ತಗೊಳ್ಳುವವರ ಕತೆ ಬೇರೆ. ಅವರ ದೇಹ ಮದ್ದಿಗೆ ಒಗ್ಗಿಕೊಂಡಿರುತ್ತದೆ, ಇದ್ದಕ್ಕಿದ್ದಂತೆ ನಿಲ್ಲಿಸಿದರೆ ಮೈಕೈ ನೋವು, ಭೇದಿ, ನಡುಕ ಬರುತ್ತದೆ. ಮೆಲ್ಲಗೆ ಇಳಿಸಿದರೆ ಬರುವುದಿಲ್ಲ. ಇದನ್ನು ಚಟ ಅಂದು ಅವರನ್ನು ನೋಯಿಸಬೇಡಿ. ಮಲಬದ್ಧತೆ ಮಾತ್ರ ಖಂಡಿತ ಬರುತ್ತದೆ, ಬಿಟ್ಟು ಹೋಗುವುದೂ ಇಲ್ಲ. ಮೊದಲ ದಿನದಿಂದಲೇ ಮಲ ಸಡಿಲಿಸುವ ಮಾತ್ರೆ ಜೊತೆಗಿರಬೇಕು. ಮೊದಲ ಎರಡು ಮೂರು ದಿನ ತೂಕಡಿಕೆ, ಹೊಟ್ಟೆ ತೊಳಸುವುದು ಮಾಮೂಲು. ಅದಾದ ಮೇಲೆ ಹೊಸದಾಗಿ ತೂಕಡಿಕೆ ಶುರುವಾದರೆ ಎಣಿಸಿ.

ಪ್ಯಾಚ್ ಮತ್ತು ಮಾತ್ರೆ ಮನೆಯಲ್ಲಿದ್ದರೆ

ಹೊಸ ಪ್ಯಾಚ್ ಅಂಟಿಸುವ ಮೊದಲು ಹಳೆಯದನ್ನು ಹುಡುಕಿ ಕಿತ್ತು, ಅಂಟು ಒಳಗಾಗುವಂತೆ ಮಡಚಿ. 72 ಗಂಟೆ ಆದಮೇಲೂ ಅದರಲ್ಲಿ ಮಗುವನ್ನು ಕೊಲ್ಲುವಷ್ಟು ಮದ್ದು ಇರುತ್ತದೆ. ತಿಪ್ಪೆಗೆ ಎಸೆಯಬೇಡಿ, ಮಡಚಿದ್ದನ್ನು ಟಾಯ್ಲೆಟ್ಟಿಗೆ ಹಾಕಿ ನೀರು ಬಿಡಿ. ಪ್ಯಾಚ್ ಮೇಲೆ ಪೆನ್ನಿನಿಂದ ತಾರೀಕು, ಗಂಟೆ ಬರೆಯಿರಿ. ಬಿಸಿನೀರಿನ ಚೀಲ, ಬಿಸಿಲು ಕಾಯಿಸುವುದು, ಒಲೆಯ ಮುಂದೆ ಕೂರುವುದು ಬೇಡ. ಬಿಸಿಗೆ ಮದ್ದು ವೇಗವಾಗಿ ಇಳಿಯುತ್ತದೆ. ಜ್ವರ ಬಂದರೂ ಅಷ್ಟೇ, ಫೋನ್ ಮಾಡಿ. ಮೊದಲ ಬಾರಿಗೆ ಒಪಿಯಾಯ್ಡ್ ತಗೊಳ್ಳುವವರಿಗೆ ನೇರವಾಗಿ ಪ್ಯಾಚ್ ಹಾಕುವಂತಿಲ್ಲ. ಉಳಿದದ್ದನ್ನು ಪಕ್ಕದ ಮನೆಯ ಸೊಂಟ ನೋವಿಗೆ ಕೊಟ್ಟುಬಿಡುವವರಿದ್ದಾರೆ, ದಯವಿಟ್ಟು ಬೇಡ.

ಮಾತ್ರೆಗಳನ್ನು ಬೀಗ ಇರುವ ಬೀರುವಿನಲ್ಲಿಟ್ಟು, ವಾರಕ್ಕೊಮ್ಮೆ ಎಣಿಸಿ. ಒಂದು ಹೊತ್ತು ಮರೆತರೆ ಮುಂದಿನ ಹೊತ್ತಿಗೆ ಎರಡು ಕೊಡಬೇಡಿ. ರೋಗಿ ತೀರಿಕೊಂಡ ಮೇಲೆ ಉಳಿದ ಮದ್ದನ್ನು ಕೊಟ್ಟ ಆಸ್ಪತ್ರೆಗೇ ತಿರುಗಿಸಿ. 2014ರಲ್ಲಿ ಎನ್‌ಡಿಪಿಎಸ್ ಕಾಯ್ದೆ ತಿದ್ದುಪಡಿಯಾದ ಮೇಲೆ ಮಾರ್ಫಿನ್ ಪಡೆಯುವುದು ಮೊದಲಿಗಿಂತ ಸುಲಭವಾಗಿದೆ. ಬೆಂಗಳೂರಿನ ಕಿದ್ವಾಯಿ ಆಸ್ಪತ್ರೆ, ಕರುಣಾಶ್ರಯದಂಥ ಕಡೆ ನೋವಿಗೆಂದೇ ಆರೈಕೆ ಇದೆ. ನೋವು ತಿನ್ನುತ್ತಾ ಕೂರಬೇಕಾಗಿಲ್ಲ.

ಆ ಮನೆಗೆ ಮುಂದಿನ ವಾರ ಹೋದಾಗ ಗೋಡೆಯ ಕ್ಯಾಲೆಂಡರಿನಲ್ಲಿ ಪ್ರತಿ ತಾರೀಕಿನ ಕೆಳಗೆ ನೀಲಿ ಪೆನ್ನಿನ ಅಂಕಿಗಳಿದ್ದವು. 14, 13, 15. ಮೂರು ದಿನಕ್ಕೊಮ್ಮೆ "ಹಳೇದು ತೆಗೆದೆ" ಅಂತ ಬರೆದು ಪಕ್ಕದಲ್ಲಿ ಒಂದು ಗೆರೆ. 108, ಡಾಕ್ಟರ ನಂಬರು, ನನ್ನ ನಂಬರು ಮೇಲ್ಗಡೆ ದಪ್ಪಕ್ಷರದಲ್ಲಿ. ಬಿಸಿನೀರಿನ ಚೀಲ ಅಟ್ಟ ಸೇರಿತ್ತು. ಅಜ್ಜ ಎಚ್ಚರವಾಗಿದ್ದರು, ನನ್ನನ್ನು ನೋಡಿ "ಬಂದ್ಯಾ, ಇವಳು ರಾತ್ರಿಯೆಲ್ಲ ಎದೆ ಮೇಲೆ ಕೈ ಇಟ್ಟು ಎಬ್ಬಿಸ್ತಾಳೆ" ಅಂತ ದೂರು ಹೇಳಿದರು. ಯುಗಾದಿಯ ಹೋಳಿಗೆ ತಿನ್ನುವವರೆಗೂ ಅವರಿದ್ದರು, ನೋವಿಲ್ಲದೆ.